ಹಲಸಿನ ಹಣ್ಣು ಹೊತ್ತವನನ್ನು ನೋಡಿ ಜನ ಏಕೆ ನಗಲಿಲ್ಲ?

ಪ್ರಶ್ನೆ: ನಾನು ಶಿವಮೊಗ್ಗ ಜಿಲ್ಲೆಯ ಕಾಲೇಜೊಂದರಲ್ಲಿ ಎರಡನೇ ವರ್ಷದ ಬಿ.ಎ. ಓದುತ್ತಿದ್ದೇನೆ. ಯುವಜನೋತ್ಸವಕ್ಕೆಂದು ನಾವು ಆರು ಜನ ಸೇರಿ ಐದು ನಿಮಿಷದ ಒಂದು ಮೂಕಾಭಿನಯ ಕಟ್ಟಿದೆವು. ಹಳ್ಳಿಯವನೊಬ್ಬ ದೊಡ್ಡದೊಂದು ಹಲಸಿನ ಹಣ್ಣು ಹೊತ್ತು ತುಂಬಿದ ಬಸ್ಸಿನಲ್ಲಿ ನೆಂಟರ ಮನೆಗೆ ಹೋಗುವ ಕಥೆ. ಉಳಿದ ಐವರಲ್ಲಿ ನಾಲ್ವರು ಪ್ರಯಾಣಿಕರಾಗುತ್ತೇವೆ, ಒಬ್ಬ ಕಂಡಕ್ಟರ್ ಆಗುತ್ತಾನೆ. ಬಸ್ ಓಲಾಡುವಾಗ ಚಪ್ಪಾಳೆ ಬಂತು, ಆದರೆ ನಗು ಎಲ್ಲಿಯೂ ಬರಲಿಲ್ಲ. ತೀರ್ಪುಗಾರರೊಬ್ಬರು ‘ಮುಖಭಾವ ಸಾಲದು’ ಎಂದರು. ನೂರು ವರ್ಷ ಹಳೆಯ ಚಾಪ್ಲಿನ್, ಕೀಟನ್ ಮೂಕಚಿತ್ರಗಳನ್ನು ನೋಡಿ ಇಂದಿಗೂ ನಗುತ್ತೇವಲ್ಲ, ನಮ್ಮದರಲ್ಲಿ ಏನು ಕಡಿಮೆಯಾಯಿತು?

ಉತ್ತರ: ನೀವು ಕಳುಹಿಸಿದ ವಿಡಿಯೊವನ್ನು ಮೂರು ಸಲ ನೋಡಿದೆ. ತೀರ್ಪುಗಾರರ ಮಾತನ್ನು ಸದ್ಯಕ್ಕೆ ಪಕ್ಕಕ್ಕಿಡಿ. ನಿಮ್ಮ ನಾಯಕನಿಗೆ ಮುಖಭಾವ ಕಡಿಮೆಯಾಗಿಲ್ಲ, ಅತಿಯಾಗಿದೆ. ಬಸ್ ಬರುವ ಮುಂಚೆಯೇ ಅವನು ಹುಬ್ಬು ಹಾರಿಸುತ್ತಾನೆ, ಕೆನ್ನೆ ಉಬ್ಬಿಸುತ್ತಾನೆ, ಸಭೆಯ ಕಡೆ ತಿರುಗಿ ‘ನನ್ನ ಪಾಡು ನೋಡಿದಿರಾ’ ಎಂಬಂತೆ ಹಲ್ಲು ಕಿರಿಯುತ್ತಾನೆ. ತನ್ನ ಪಾಡಿಗೆ ತಾನೇ ನಕ್ಕು ಮುಗಿಸಿದವನನ್ನು ಕಂಡು ಬೇರೆಯವರು ಏಕೆ ನಗಬೇಕು? ಹಾಸ್ಯ ಹೇಳುವ ಮೊದಲೇ ಹೊಟ್ಟೆ ಹಿಡಿದುಕೊಂಡು ನಗುವ ನೆಂಟರೊಬ್ಬರು ಎಲ್ಲ ಮದುವೆ ಮನೆಯಲ್ಲೂ ಇರುತ್ತಾರೆ. ಪಂಕ್ತಿಯಲ್ಲಿ ಅವರ ಪಕ್ಕ ಕುಳಿತವರ ಮುಖ ನೆನಪಿಸಿಕೊಳ್ಳಿ.

ಬಸ್ಟರ್ ಕೀಟನ್ ಈ ಗುಟ್ಟನ್ನು ಅರಿತದ್ದು ಚಿಕ್ಕ ಹುಡುಗನಾಗಿದ್ದಾಗ. ಅವನು ಹುಟ್ಟಿದ್ದು 1895ರಲ್ಲಿ, ಅಮೆರಿಕದ ಕ್ಯಾನ್ಸಸ್ ರಾಜ್ಯದಲ್ಲಿ. ಅಪ್ಪ ಅಮ್ಮ ಇಬ್ಬರೂ ವಾಡೆವಿಲ್ ಕಲಾವಿದರು. ವಾಡೆವಿಲ್ ಎಂದರೆ ಹಾಡು, ಕುಣಿತ, ಜಾದೂ, ಲಾಗ ಎಲ್ಲವೂ ಒಂದೇ ಟಿಕೆಟ್ಟಿಗೆ ಸಿಗುತ್ತಿದ್ದ ಅಂದಿನ ರಂಜನೆಯ ರಂಗ. ಮಾತು ಕೇಳದ ಮಗನನ್ನು ಅಪ್ಪ ರಂಗದ ತುಂಬ ಎತ್ತಿ ಎಸೆಯುವುದೇ ಇವರ ಆಟ. ಎಸೆಯಲು ಅನುಕೂಲವಾಗಲಿ ಎಂದು ಹುಡುಗನ ಬಟ್ಟೆಗೆ ಸೂಟ್‌ಕೇಸಿನ ಹಿಡಿಕೆಯೊಂದನ್ನು ಹೊಲಿದಿದ್ದರು. ಬಿದ್ದೆದ್ದ ಹುಡುಗ ಖುಷಿಯಿಂದ ನಕ್ಕರೆ ಸಭೆ ಕಡಿಮೆ ನಗುತ್ತಿತ್ತು. ಗಂಭೀರವಾಗಿ ಎದ್ದು ನಿಂತರೆ ಬಿದ್ದು ಬಿದ್ದು ನಗುತ್ತಿತ್ತು. ಅಂದಿನಿಂದ ಅವನು ರಂಗದ ಮೇಲೆ ನಗುವುದನ್ನೇ ಬಿಟ್ಟ.

ಮುಂದೆ ಆ ಮುಖಕ್ಕೆ ‘ಕಲ್ಲು ಮುಖ’ ಎಂಬ ಹೆಸರೇ ಬಿತ್ತು. ಈ ಹೆಸರನ್ನು ನಾನು ಒಪ್ಪುವುದಿಲ್ಲ. ಕೀಟನ್‌ನ ಕಣ್ಣುಗಳನ್ನಷ್ಟೇ ಒಮ್ಮೆ ಗಮನಿಸಿ. ಅವು ಸದಾ ಲೆಕ್ಕ ಹಾಕುತ್ತಿರುತ್ತವೆ: ಆ ಹಗ್ಗ ಎಷ್ಟು ಉದ್ದವಿದೆ, ಈ ಬಾಗಿಲು ಯಾವ ಕಡೆ ತೆರೆಯುತ್ತದೆ, ರೈಲು ಬರಲು ಎಷ್ಟು ಹೊತ್ತಿದೆ. ಆ ಮುಖದಲ್ಲಿ ಭಾವದ ಪ್ರದರ್ಶನವಿಲ್ಲ, ಆಲೋಚನೆ ಧಾರಾಳವಾಗಿದೆ. ಸಭೆ ಹಿಂಬಾಲಿಸುವುದು ಆ ಆಲೋಚನೆಯನ್ನು. ನಿಮ್ಮ ನಾಯಕ ‘ಅಯ್ಯೋ ಕಷ್ಟ’ ಎಂದು ತೋರಿಸುತ್ತಾನೆಯೇ ಹೊರತು ‘ಈ ಬಾಗಿಲಲ್ಲಿ ಹಣ್ಣು ಮೊದಲೋ ನಾನು ಮೊದಲೋ’ ಎಂದು ಒಮ್ಮೆಯೂ ಯೋಚಿಸುವುದಿಲ್ಲ.

ನಮ್ಮವರಿಗೆ ಇದು ಸ್ವಲ್ಪ ಕಷ್ಟವೇ. ನಾಟ್ಯಶಾಸ್ತ್ರ ಹೇಳುವ ಆಂಗಿಕ (ಮೈ), ವಾಚಿಕ (ಮಾತು), ಆಹಾರ್ಯ (ವೇಷ), ಸಾತ್ತ್ವಿಕ (ಒಳಭಾವ) ಎಂಬ ನಾಲ್ಕು ಬಗೆಯ ಅಭಿನಯದಲ್ಲಿ ವಾಚಿಕವನ್ನು ತೆಗೆದ ಕೂಡಲೇ ಅದರ ಭಾರವನ್ನೆಲ್ಲ ಮುಖದ ಮೇಲೆ ಹೇರುವುದು ನಮ್ಮ ಅಭ್ಯಾಸ. ಭರತನಾಟ್ಯದ ಕಣ್ಣು, ಯಕ್ಷಗಾನದ ಹುಬ್ಬು ನೋಡಿ ಬೆಳೆದವರು ನಾವು. ಆದರೆ ಅದೇ ಯಕ್ಷಗಾನದ ಒಳ್ಳೆಯ ಹಾಸ್ಯಗಾರ ಚೌಕಿಯಿಂದ (ಬಣ್ಣ ಹಚ್ಚುವ ಕೋಣೆಯಿಂದ) ರಂಗಕ್ಕೆ ನಾಲ್ಕು ಹೆಜ್ಜೆ ಇಟ್ಟರೆ ಸಾಕು, ಬಾಯಿ ತೆರೆಯುವ ಮೊದಲೇ ಅವನು ಯಾರು, ಯಾರಿಗೆ ಹೆದರುತ್ತಾನೆ, ಹಸಿದಿದ್ದಾನೆಯೇ ಎಂಬುದೆಲ್ಲ ಹಿಂದಿನ ಸಾಲಿನವರಿಗೂ ತಿಳಿಯುತ್ತದೆ. ಕಲಿಯಬೇಕಾದದ್ದು ಆ ನಡಿಗೆಯನ್ನು.

ಫ್ರಾನ್ಸಿನ ಮೂಕಾಭಿನಯದ ಗುರು ಎಟಿಯೆನ್ ಡೆಕ್ರೂ (1898–1991) ಈ ವಿಷಯದಲ್ಲಿ ಹಟವಾದಿ. ಪ್ಯಾರಿಸ್ಸಿನಲ್ಲಿ ರಂಗನಿರ್ದೇಶಕ ಝಾಕ್ ಕೊಪೊ ನಡೆಸುತ್ತಿದ್ದ ನಟನಾ ಶಾಲೆಯಲ್ಲಿ ವಿದ್ಯಾರ್ಥಿಗಳ ಮುಖ ಮುಚ್ಚಿಸಿ ಅಭ್ಯಾಸ ಮಾಡಿಸುವುದನ್ನು ಕಂಡು, ಅದರಿಂದಲೇ ಅವನು ತನ್ನ ಇಡೀ ಪದ್ಧತಿ ಬೆಳೆಸಿದ. ಅವನ ಲೆಕ್ಕದಲ್ಲಿ ಮೊದಲು ಮುಂಡ, ಆಮೇಲೆ ತೋಳು, ಮುಖ ಕೊನೆಗೆ. ಅವನ ಶಿಷ್ಯ ಮಾರ್ಸೆಲ್ ಮಾರ್ಸೊ ಮುಖಕ್ಕೆ ಬಿಳಿ ಬಣ್ಣ ಬಳಿದು, 1947ರಲ್ಲಿ ‘ಬಿಪ್’ ಎಂಬ ಪಾತ್ರ ಕಟ್ಟಿ ಜಗತ್ತನ್ನೇ ಗೆದ್ದ. ಹಟವಾದಿ ಗುರುಗಳ ಶಿಷ್ಯರು ಹೀಗೆಯೇ. ಆದರೆ ಮಾರ್ಸೊನ ಮುಖ ಅಷ್ಟು ಕೆಲಸ ಮಾಡಿದ್ದು ಅದರ ಕೆಳಗಿನ ಮೈಯನ್ನು ಡೆಕ್ರೂ ಪಳಗಿಸಿದ್ದರಿಂದ. ನಿಮ್ಮ ತಂಡದವರು ಒಂದು ದಿನ ಮುಖಕ್ಕೆ ತೆಳು ಬಟ್ಟೆ ಕಟ್ಟಿಕೊಂಡು ಇದೇ ಪ್ರಸಂಗವನ್ನು ಆಡಿ, ಕಥೆ ಗೊತ್ತಿಲ್ಲದ ಗೆಳೆಯನೊಬ್ಬನನ್ನು ಎದುರು ಕೂರಿಸಿ. ಅವನಿಗೆ ಅರ್ಥವಾಗದ ಜಾಗಗಳೇ ನೀವು ತಿದ್ದಬೇಕಾದವು.

ಇನ್ನು ಹಲಸಿನ ಹಣ್ಣಿಗೆ ಬರೋಣ. ಬಸ್ ನಿಲ್ದಾಣದಲ್ಲಿ ಅದು ಹದಿನೈದು ಕಿಲೋ ಇತ್ತು. ಬಸ್ ಹತ್ತುವಷ್ಟರಲ್ಲಿ ತೆಂಗಿನಕಾಯಿಯಾಯಿತು. ಕಂಡಕ್ಟರ್‌ಗೆ ದುಡ್ಡು ಕೊಡುವಾಗ ನಾಯಕನ ಎರಡು ಕೈಯೂ ಖಾಲಿ! ಹಣ್ಣು ಎಲ್ಲಿ ಹೋಯಿತು? ಅಲ್ಲಿ ನಾನು ನಕ್ಕೆ. ನೀವು ಬಯಸಿದ ಕಾರಣಕ್ಕಲ್ಲ.

ಈ ತಪ್ಪಿಗೆ ನಾನು ನಿಮ್ಮನ್ನು ಬೈಯುವಂತಿಲ್ಲ, ಏಕೆಂದರೆ ಇದನ್ನು ನಾನೂ ಮಾಡಿ ಮಾನ ಕಳೆದುಕೊಂಡಿದ್ದೇನೆ. ಮೂವತ್ತು ವರ್ಷಗಳ ಹಿಂದೆ ಹಳ್ಳಿಯೊಂದರ ಶಾಲಾ ಮೈದಾನದಲ್ಲಿ ಬಾವಿಯಿಂದ ನೀರು ಸೇದುವುದನ್ನು ಅಭಿನಯಿಸಿದೆ. ಹಗ್ಗ ಇಳಿಬಿಟ್ಟೆ, ಬೆನ್ನು ಬಾಗಿಸಿ ಎಳೆದೆ, ಕೊಡ ಇಳಿಸಿದೆ, ಬೆವರು ಒರೆಸಿಕೊಂಡೆ. ಚಪ್ಪಾಳೆಯೂ ಬಂತು. ಮುಗಿದ ಮೇಲೆ ಮುಂದಿನ ಸಾಲಿನ ಅಜ್ಜಿಯೊಬ್ಬರು ಕರೆದು, “ಅಪ್ಪಾ, ನಿನ್ನ ಕೊಡ ನೀರಿಗೆ ಮುಟ್ಟಲೇ ಇಲ್ಲವಲ್ಲ” ಎಂದರು. ನಿಜ. ಕೊಡ ನೀರು ಮುಟ್ಟಿದ ಕೂಡಲೇ ಹಗ್ಗ ಸಡಿಲವಾಗಬೇಕು. ಕೊಡ ತೇಲುತ್ತದೆ. ಹಗ್ಗವನ್ನು ಒಮ್ಮೆ ಕೊಂಕಿಸಿ ಅದನ್ನು ಮಗುಚಬೇಕು. ಅದು ಗುಳುಗುಳು ಎಂದು ಮುಳುಗುವವರೆಗೆ ಕಾಯಬೇಕು. ಆಮೇಲೆ ಕೈಗೆ ಭಾರ ಬರುತ್ತದೆ. ಜೀವಮಾನವೆಲ್ಲ ನೀರು ಸೇದಿದ ಆ ಅಜ್ಜಿಯ ಕೈಗೆ ಗೊತ್ತಿದ್ದದ್ದು ನನ್ನ ಕೈಗೆ ಗೊತ್ತಿರಲಿಲ್ಲ. ನಾನು ಸೇದಿದ್ದು ಬಾವಿಯ ನೀರನ್ನಲ್ಲ, ಬೇರೆ ಮೂಕಾಭಿನಯ ಕಲಾವಿದರು ಸೇದಿದ್ದನ್ನು.

ಹಾಗಾಗಿ ಮೊದಲ ಮನೆಗೆಲಸ: ನಿಜವಾದ ಹಲಸಿನ ಹಣ್ಣನ್ನು ಹೊತ್ತು ಒಂದು ಮೈಲಿ ನಡೆಯಿರಿ. ಹಲಸಿನ ಕಾಲವಲ್ಲದಿದ್ದರೆ ಅಷ್ಟೇ ತೂಕದ ಅಕ್ಕಿ ಮೂಟೆಯಾದರೂ ಸರಿ, ಮುಳ್ಳನ್ನು ನೆನಪಿನಿಂದ ಸೇರಿಸಿಕೊಳ್ಳಿ. ಭಾರ ಕಾಣುವುದು ಎತ್ತುವ ಕೈಯಲ್ಲಲ್ಲ. ಎತ್ತುವ ಮುನ್ನ ಕಾಲು ಅಗಲವಾಗುತ್ತದೆ, ಸೊಂಟ ಕೆಳಗಿಳಿಯುತ್ತದೆ, ಉಸಿರು ಒಂದು ಕ್ಷಣ ನಿಲ್ಲುತ್ತದೆ. ಹಣ್ಣು ಬಲ ಹೆಗಲಿಗೇರಿದರೆ ಮೈ ಎಡಕ್ಕೆ ವಾಲುತ್ತದೆ. ಇಳಿಸಿದ ಮೇಲೆ ತೋಳುಗಳು ಕೆಲ ಹೊತ್ತು ತಾವಾಗಿಯೇ ಮೇಲಕ್ಕೆ ತೇಲುವಂತಿರುತ್ತವೆ. ಮುಳ್ಳು ಕುತ್ತಿಗೆಗೆ ಚುಚ್ಚುವುದು, ಅದಕ್ಕೆಂದು ಟವೆಲ್ ಮಡಿಸಿ ಹೆಗಲಿಗೆ ಹಾಕುವುದು, ಬೆರಳಿಗೆ ಅಂಟಿದ ಮೇಣ ಎಷ್ಟು ಉಜ್ಜಿದರೂ ಬಿಡದಿರುವುದು, ಹಣ್ಣಾದ ವಾಸನೆ ಬಸ್ಸಿನ ಕೊನೆಯ ಸೀಟಿಗೂ ಹಬ್ಬುವುದು, ಇಷ್ಟೆಲ್ಲ ಸಂಪತ್ತು ಆ ಹಣ್ಣಿನಲ್ಲಿದೆ. ನೀವು ಬಳಸಿಕೊಂಡದ್ದು ಗಾತ್ರವನ್ನು ಮಾತ್ರ. ಮೇಣವೊಂದರಿಂದಲೇ ಎರಡು ನಿಮಿಷ ಆಡಬಹುದು: ಅದು ನೋಟಿಗೆ ಅಂಟಿ, ನೋಟು ಕಂಡಕ್ಟರನ ಬೆರಳಿಗೆ ಅಂಟಿ, ಟಿಕೆಟ್ ಯಾರದೋ ಬೆನ್ನಿಗೆ ಅಂಟಿ…

ಬಸ್ಸಿನ ಬಗ್ಗೆಯೂ ಒಂದು ಮಾತು. ಗೋಡೆ, ಕಂಬಿ, ಹಗ್ಗ ಎಲ್ಲದರ ಮರ್ಮ ಒಂದೇ: ಗಾಳಿಯಲ್ಲಿ ಒಂದು ಬಿಂದು ಕದಲದೆ ನಿಲ್ಲಬೇಕು, ಮೈ ಅದರ ಸುತ್ತ ಕದಲಬೇಕು. ಬಸ್ಸಿನ ಮೇಲಿನ ಕಂಬಿ ಹಿಡಿದವರ ಮುಷ್ಟಿ ಇದ್ದಲ್ಲೇ ಇದ್ದು, ಮೊಣಕೈ, ಹೆಗಲು, ಸೊಂಟ ಓಲಾಡಬೇಕು. ನಿಮ್ಮವರ ಮುಷ್ಟಿಗಳೂ ಮೈಯ ಜೊತೆಯಲ್ಲೇ ಓಲಾಡಿದವು. ಚಪ್ಪಾಳೆ ಬಂದದ್ದು ಎಲ್ಲರೂ ಒಂದೇ ತಾಳಕ್ಕೆ ಓಲಾಡಿದ್ದಕ್ಕೆ. ಬಸ್ಸು ಮಾತ್ರ ಕಾಣಲಿಲ್ಲ.

ಹೀಗೆ ಬಸ್ಸೂ ಹಣ್ಣೂ ನಿಜವಾದವು ಎಂದಿಟ್ಟುಕೊಳ್ಳೋಣ. ಅಷ್ಟರಿಂದಲೇ ನಗು ಬರುವುದಿಲ್ಲ. ಚಪ್ಪಾಳೆ ಕೌಶಲಕ್ಕೆ, ನಗು ಪೇಚಿಗೆ. ಗಾಜಿನ ಗೋಡೆಯನ್ನು ಚೆನ್ನಾಗಿ ತೋರಿಸಿದವನನ್ನು ಮೆಚ್ಚುತ್ತೇವೆ. ಆ ಗೋಡೆಯ ಆಚೆ ಅವನ ಬಸ್ ಹೊರಡುತ್ತಿದ್ದರೆ ನಗುತ್ತೇವೆ. ಪೇಚಿನಲ್ಲಿಯೂ ಮುಖ್ಯ ಪ್ರಶ್ನೆ ಒಂದೇ: ಯಾರಿಗೆ ಮೊದಲು ಗೊತ್ತಾಯಿತು?

ಕೀಟನ್ 1928ರ ಚಿತ್ರವೊಂದರಲ್ಲಿ ಬಿರುಗಾಳಿಯ ನಡುವೆ ಬೀದಿಯಲ್ಲಿ ನಿಂತಿದ್ದಾನೆ. ಹಿಂದಿನ ಮನೆಯ ಮುಂಗೋಡೆ ಇಡಿಯಾಗಿ ಕಳಚಿ ಅವನ ಮೇಲೆ ಬೀಳುತ್ತದೆ. ಮೇಲಿನ ಕಿಟಕಿಯ ತೆರೆದ ಜಾಗ ಸರಿಯಾಗಿ ಅವನಿರುವಲ್ಲಿ ಬಂದು, ಗೋಡೆ ನೆಲಕ್ಕೊರಗಿದಾಗ ಅವನು ಕಿಟಕಿಯ ಚೌಕಟ್ಟಿನೊಳಗೆ ನಿಂತೇ ಇರುತ್ತಾನೆ. ಗೋಡೆಯ ತೂಕ ಸುಮಾರು ಎರಡು ಟನ್. ಅವನಿಗೂ ಚೌಕಟ್ಟಿಗೂ ನಡುವೆ ಕೆಲವೇ ಅಂಗುಲಗಳ ಅಂತರ. ಸಾಹಸದ ಬಗ್ಗೆ ಎಲ್ಲರೂ ಬರೆಯುತ್ತಾರೆ. ನಾನು ಹೇಳಬೇಕೆಂದಿರುವುದು ಬೇರೆ. ಗೋಡೆ ಬಿರಿಯುವುದು ನಮಗೆ ಕಾಣುತ್ತದೆ, ಅವನಿಗೆ ಕಾಣುವುದಿಲ್ಲ. ಬಿದ್ದ ಮೇಲೂ ಒಂದು ಕ್ಷಣ ಅವನಿಗೆ ಏನಾಯಿತೆಂದು ತಿಳಿಯುವುದಿಲ್ಲ. ಆ ಒಂದು ಕ್ಷಣವೇ ಹಾಸ್ಯ. ಅದನ್ನು ತೆಗೆದುಹಾಕಿದರೆ ಉಳಿಯುವುದು ಸರ್ಕಸ್.

ನಿಮ್ಮ ಪ್ರಸಂಗದಲ್ಲಿ ಬಸ್ ಬ್ರೇಕ್ ಹಾಕಿದಾಗ ಹಣ್ಣು ಬಿದ್ದು ಒಡೆಯುತ್ತದೆ. ಎಲ್ಲರಿಗೂ ಒಂದೇ ಗಳಿಗೆಯಲ್ಲಿ ಗೊತ್ತಾಗುತ್ತದೆ. ಹಾಗಾಗಿ ‘ಅಯ್ಯೋ ಪಾಪ’ ಎನಿಸುತ್ತದೆ, ನಗು ಬರುವುದಿಲ್ಲ. ಇದನ್ನೇ ತಿರುಗಿಸಿ ನೋಡಿ. ಅವನು ಹಣ್ಣನ್ನು ಮೇಲಿನ ಲಗೇಜ್ ಹಲಗೆಯ ಮೇಲೆ ಬಲು ಜಾಗ್ರತೆಯಿಂದ ಇಡುತ್ತಾನೆ, ನೆಮ್ಮದಿಯಿಂದ ನಿದ್ದೆಗೆ ಜಾರುತ್ತಾನೆ. ಬಸ್ ತಿರುವು ತೆಗೆದುಕೊಂಡಾಗ ಹಣ್ಣು ಅಂಚಿಗೆ ಬರುತ್ತದೆ. ಅದು ಸರಿಯಾಗಿ ಇರುವುದು ಯಾರ ತಲೆಯ ಮೇಲೆ? ಕೆಳಗೆ ಕುಳಿತ ಬೋಳುತಲೆಯ ಯಜಮಾನರಿಗೆ ಗೊತ್ತಿಲ್ಲ. ಸಭೆಗೆ ಗೊತ್ತು. ಇನ್ನೊಂದು ತಿರುವಿಗೆ ಹಣ್ಣು ಹಿಂದಕ್ಕೆ ಹೋಗುತ್ತದೆ. ಮೂರನೆಯ ತಿರುವು ಬರುವ ಮುಂಚೆಯೇ ಸಭೆ ನಗಲು ಶುರುಮಾಡಿರುತ್ತದೆ, ಹಣ್ಣು ಬೀಳಬೇಕೆಂದೇನೂ ಇಲ್ಲ. ಕೊನೆಗೆ ಯಜಮಾನರು ಸೀಟು ಬದಲಿಸಿ, ನಮ್ಮ ನಾಯಕನೇ ಆ ಜಾಗಕ್ಕೆ ಬಂದು ಕೂತರೆ ಇನ್ನೂ ಚೆನ್ನ. ಅಂದಹಾಗೆ, ಕಾಣದ ಹಣ್ಣು ಜಾರುವುದನ್ನು ತೋರಿಸಬೇಕಾದವರು ನಿಂತಿರುವ ಪ್ರಯಾಣಿಕರು. ಅವರ ಕಣ್ಣುಗಳು ಒಟ್ಟಿಗೆ ಒಂದೇ ಬಿಂದುವನ್ನು ಹಿಂಬಾಲಿಸಿದರೆ ಹಣ್ಣು ಅಲ್ಲಿ ಇದೆ. ಒಬ್ಬನ ಕಣ್ಣು ತಪ್ಪಿದರೂ ಹಣ್ಣು ಮಾಯ.

ಚಾಪ್ಲಿನ್‌ನ ದಾರಿ ಬೇರೆ. ಅವನು ಒಂದು ವಸ್ತುವನ್ನು ಇನ್ನೊಂದು ವಸ್ತುವೆಂದು ನಂಬಿಬಿಡುತ್ತಾನೆ. 1925ರ ಚಿನ್ನ ಹುಡುಕುವವರ ಚಿತ್ರದಲ್ಲಿ ಹಸಿವಿನಿಂದ ಬೂಟನ್ನೇ ಬೇಯಿಸಿ ತಿನ್ನುವ ದೃಶ್ಯ ನೋಡಿರುತ್ತೀರಿ. ಲೇಸನ್ನು ಫೋರ್ಕಿಗೆ ಸುತ್ತಿಕೊಂಡು ಶಾವಿಗೆಯಂತೆ ತಿನ್ನುತ್ತಾನೆ, ಮೊಳೆಗಳನ್ನು ಮೂಳೆಯಂತೆ ಚೀಪುತ್ತಾನೆ. ಮುಖದಲ್ಲಿ ಅಸಹ್ಯವಿಲ್ಲ, ದೊಡ್ಡ ಹೋಟೆಲಿನಲ್ಲಿ ಕುಳಿತವನ ಶಿಷ್ಟಾಚಾರವಿದೆ. ಚಿತ್ರೀಕರಣಕ್ಕೆಂದು ಬೂಟನ್ನು ಲಿಕರಿಸ್ ಎಂಬ ಮಿಠಾಯಿಯಿಂದ ಮಾಡಿಸಿದ್ದರಂತೆ, ಇರಲಿ. ನಿಮ್ಮ ನಾಯಕ ಟವೆಲ್ಲಿನಲ್ಲಿ ಹಣ್ಣನ್ನು ಸುತ್ತಿ ಎದೆಗವಚಿಕೊಂಡರೆ ದೂರದಿಂದ ಅದು ಕೂಸಿನಂತೆ ಕಂಡೀತು. ಹೆಂಗಸೊಬ್ಬಳು ಎದ್ದು ಸೀಟು ಬಿಟ್ಟುಕೊಟ್ಟರೆ? ಸೀಟು ಸಿಕ್ಕಿದವನು ಇನ್ನು ಮುಂದೆ ಅದನ್ನು ಕೂಸೆಂದೇ ನಡೆಸಿಕೊಳ್ಳಬೇಕು, ತಟ್ಟಬೇಕು, ತೂಗಬೇಕು. ಆಕೆ ಕೆನ್ನೆ ಸವರಲು ಕೈ ಚಾಚುತ್ತಾಳೆ. ಮುಂದಿನದನ್ನು ನೀವೇ ಕಟ್ಟಿಕೊಳ್ಳಬಲ್ಲಿರಿ.

ಹಿನ್ನೆಲೆಯ ಸದ್ದಿನ ಬಗ್ಗೆ ನನಗೆ ತಕರಾರಿದೆ. ನಿಮ್ಮ ಧ್ವನಿಮುದ್ರಣದಲ್ಲಿ ಹಾರ್ನ್ ಇದೆ, ಬ್ರೇಕಿನ ಕಿರ್ರ್ ಇದೆ, ಹಣ್ಣು ಒಡೆದಾಗ ಸಿಡಿಲಿನಂತಹ ಸದ್ದಿದೆ. ಯುವಜನೋತ್ಸವಗಳಲ್ಲಿ ಈಚೆಗೆ ಸ್ಪೀಕರ್ ನಟಿಸುತ್ತದೆ, ಹುಡುಗರು ಅದಕ್ಕೆ ತಾಳ ಹಾಕುತ್ತಾರೆ. ಚಾಪ್ಲಿನ್ 1931ರ ‘ಸಿಟಿ ಲೈಟ್ಸ್’ನಲ್ಲಿ ಎದುರಿಸಿದ ಸಮಸ್ಯೆ ಕೇಳಿ. ಅಷ್ಟರಲ್ಲಿ ಮಾತಿನ ಚಿತ್ರಗಳು ಬಂದು ನಾಲ್ಕು ವರ್ಷವಾಗಿತ್ತು, ಇವನು ಮಾತ್ರ ಮೂಕಚಿತ್ರವನ್ನೇ ಮಾಡುತ್ತಿದ್ದ. ಹೂ ಮಾರುವ ಕುರುಡಿ ಹುಡುಗಿ ಚಾಪ್ಲಿನ್ ಆಡುವ ಭಿಕಾರಿಯನ್ನು ಶ್ರೀಮಂತನೆಂದು ತಪ್ಪು ತಿಳಿಯಬೇಕು. ಮಾತಿಲ್ಲದೆ ಹೇಗೆ? ರಸ್ತೆಯಲ್ಲಿ ವಾಹನಗಳು ಸಾಲಾಗಿ ನಿಂತಿವೆ. ಭಿಕಾರಿ ದಾರಿಗಾಗಿ ನಿಂತ ಕಾರೊಂದರೊಳಗೆ ಹೊಕ್ಕು ಈಚೆ ಬಾಗಿಲಿನಿಂದ ಇಳಿದು, ಬಾಗಿಲು ಹಾಕುತ್ತಾನೆ. ಆ ಸದ್ದು ಹುಡುಗಿಗೆ ಕೇಳಿಸುತ್ತದೆ. ಕಾರಿನಿಂದ ಇಳಿದವನು ಶ್ರೀಮಂತನೇ ಇರಬೇಕು! ನಮಗೆ ಆ ಸದ್ದು ಕೇಳಿಸುವುದಿಲ್ಲ. ಅವಳಿಗೆ ಕೇಳಿಸಿದ್ದು ನಮಗೆ ಕಾಣುತ್ತದೆ. ಈ ಒಂದು ಭೇಟಿಯನ್ನು ಚಾಪ್ಲಿನ್ 342 ಸಲ ಚಿತ್ರೀಕರಿಸಿದ ಎಂಬ ದಾಖಲೆಯಿದೆ. ನೀವು ಎಷ್ಟು ದಿನ ತಾಲೀಮು ಮಾಡಿದಿರಿ ಎಂದು ನಾನು ಕೇಳುವುದಿಲ್ಲ.

ಸದ್ದೇ ಬೇಡವೆಂದಲ್ಲ. 1987ರಲ್ಲಿ ಸಿಂಗೀತಂ ಶ್ರೀನಿವಾಸರಾವ್ ಬೆಂಗಳೂರಿನಲ್ಲಿ ಚಿತ್ರೀಕರಿಸಿದ ‘ಪುಷ್ಪಕ ವಿಮಾನ’ದಲ್ಲಿ ಮಾತಿಲ್ಲ, ಸದ್ದು ಬೇಕಾದಷ್ಟಿದೆ. ಚಿತ್ರಮಂದಿರದ ಗದ್ದಲದ ಪಕ್ಕದ ಕೋಣೆಯಲ್ಲಿ ಮಲಗಿ ರೂಢಿಯಾದ ನಾಯಕನಿಗೆ ದೊಡ್ಡ ಹೋಟೆಲಿನ ನಿಶ್ಶಬ್ದದಲ್ಲಿ ನಿದ್ದೆ ಬರುವುದಿಲ್ಲ. ಆ ಗದ್ದಲವನ್ನೇ ಟೇಪಿಗೆ ಹಿಡಿದು ತಂದು ಹಾಕಿಕೊಂಡು ಮಲಗುತ್ತಾನೆ. ಅಲ್ಲಿ ಸದ್ದು ಅಭಿನಯಕ್ಕೆ ಊರುಗೋಲಲ್ಲ, ತಾನೇ ಒಂದು ಪಾತ್ರ. ನಿಮ್ಮಲ್ಲಿ ಒಂದೇ ಒಂದು ಸದ್ದು ಉಳಿಸಿಕೊಳ್ಳಿ, ಕಂಡಕ್ಟರನ ಸೀಟಿ. ಅದನ್ನೂ ಬಾಯಲ್ಲೇ ಊದಿ.

ನಿಮ್ಮ ನಾಯಕನ ಕುಪ್ಪಳಿಸುವ ನಡಿಗೆ ಚಾಪ್ಲಿನ್‌ನಿಂದ ಬಂದದ್ದೆಂದು ಕಾಣುತ್ತದೆ. ಅದರಲ್ಲಿ ಅರ್ಧ ಪಾಲು ಯಂತ್ರದ್ದು. ಮೂಕಚಿತ್ರಗಳ ಕ್ಯಾಮೆರಾಗಳನ್ನು ಕೈಯಿಂದ ತಿರುಗಿಸುತ್ತಿದ್ದರು, ಸೆಕೆಂಡಿಗೆ ಹದಿನಾರರಿಂದ ಇಪ್ಪತ್ತರ ಆಸುಪಾಸಿನ ಚೌಕಟ್ಟುಗಳು (ಫ್ರೇಮ್). ಹಾಸ್ಯ ದೃಶ್ಯಗಳಲ್ಲಿ ಬೇಕೆಂದೇ ಇನ್ನೂ ನಿಧಾನವಾಗಿ ತಿರುಗಿಸಿದ್ದೂ ಉಂಟು. ಅವನ್ನು ಈಗಿನ 24ರ ವೇಗದಲ್ಲಿ ಓಡಿಸಿದರೆ ಎಲ್ಲರೂ ಕುಣಿಯುತ್ತಾರೆ. ಪ್ರೊಜೆಕ್ಟರನ್ನು ಅನುಕರಿಸಬೇಡಿ. ಬಿಳಿ ಮುಖ, ಕಪ್ಪು ಉಡುಪು ಕೂಡ ಕಡ್ಡಾಯವಲ್ಲ. ಆ ಬಿಳಿ ಮುಖ ಹತ್ತೊಂಬತ್ತನೇ ಶತಮಾನದ ಪ್ಯಾರಿಸ್ಸಿನ ಫ್ಯೂನಾಂಬ್ಯೂಲ್ ರಂಗಮಂದಿರದಲ್ಲಿ ದೆಬುರೊ ಎಂಬ ಮಹಾನಟ ಮೆರೆಸಿದ ಪಿಯೆರೊ ಎಂಬ ವಿದೂಷಕ ಪಾತ್ರದ್ದು, ನಿಮ್ಮ ಹಳ್ಳಿಯವನದಲ್ಲ. ಅವನಿಗೆ ಒಂದು ಪಂಚೆ, ನೆಂಟರ ಮನೆಗೆಂದು ಇಸ್ತ್ರಿ ಮಾಡಿಸಿದ ಬಿಳಿ ಅಂಗಿ ಕೊಡಿ. ಬಿಳಿ ಅಂಗಿಯೂ ಹಲಸಿನ ಮೇಣವೂ ಒಂದೇ ರಂಗದ ಮೇಲಿದ್ದರೆ ಅರ್ಧ ಕೆಲಸ ಮುಗಿಯಿತು.

ವಿಡಿಯೊದಲ್ಲಿ ನನ್ನನ್ನು ಹೆದರಿಸಿದ್ದು ಕೊನೆಯ ಬೀಳುವಿಕೆ. ನಾಯಕ ಎರಡೂ ಮಂಡಿಯೂರಿ ಧೊಪ್ಪೆಂದು ಬಿದ್ದ. ಇದನ್ನು ಮತ್ತೆ ಮಾಡಿಸಬೇಡಿ. ಮಂಡಿ, ಮೊಣಕೈ, ಬಾಲಮೂಳೆ ನೆಲಕ್ಕೆ ಬಡಿಯಬಾರದು. ಮೊದಲು ಮೈ ತಗ್ಗಿಸಿ, ತೊಡೆಯ ಮತ್ತು ಪೃಷ್ಠದ ಮಾಂಸಲ ಭಾಗದ ಮೇಲೆ ಉರುಳಬೇಕು, ಗಲ್ಲ ಎದೆಗೆ ಒತ್ತಿರಬೇಕು, ಉಸಿರು ಹೊರಬಿಡಬೇಕು. ಸದ್ದು ಬೇಕೆಂದರೆ ಅಂಗೈಯಿಂದ ನೆಲಕ್ಕೆ ಬಡಿಯಿರಿ. ಹಳೆಯ ಇಟಲಿಯ ಹಾಸ್ಯಗಾರರು ಎರಡು ತೆಳು ಹಲಗೆ ಜೋಡಿಸಿದ ಕೋಲು ಇಟ್ಟುಕೊಂಡಿರುತ್ತಿದ್ದರು. ಮೆಲ್ಲಗೆ ತಾಗಿಸಿದರೂ ಅದು ಫಟಾರೆನ್ನುತ್ತಿತ್ತು, ಪೆಟ್ಟು ಬೀಳುತ್ತಿರಲಿಲ್ಲ. ಸ್ಲ್ಯಾಪ್‌ಸ್ಟಿಕ್ ಎಂಬ ಹೆಸರು ಬಂದದ್ದೇ ಅದರಿಂದ. ಇಷ್ಟಾಗಿಯೂ ಅನಾಹುತಗಳು ತಪ್ಪಲಿಲ್ಲ. 1924ರ ಚಿತ್ರವೊಂದರಲ್ಲಿ ರೈಲಿಗೆ ನೀರು ತುಂಬುವ ತೊಟ್ಟಿಯಿಂದ ಸುರಿದ ನೀರಿನ ರಭಸಕ್ಕೆ ಹಳಿಯ ಮೇಲೆ ಬಿದ್ದ ಕೀಟನ್‌ಗೆ ಕುತ್ತಿಗೆಯ ಮೂಳೆ ಮುರಿದಿತ್ತು ಎಂಬುದು ಎಷ್ಟೋ ವರ್ಷಗಳ ಬಳಿಕ ಎಕ್ಸ್‌ರೇ ತೆಗೆದಾಗ ಗೊತ್ತಾಯಿತು. ಗಡಿಯಾರದ ಮುಳ್ಳಿಗೆ ಜೋತುಬಿದ್ದ ಚಿತ್ರದಿಂದ ಹೆಸರಾದ ಹೆರಾಲ್ಡ್ ಲಾಯ್ಡ್ ಅದಕ್ಕೂ ಮೊದಲೇ, 1919ರಲ್ಲಿ, ಆಟಿಕೆಯೆಂದುಕೊಂಡ ಬಾಂಬ್ ಸಿಡಿದು ಬಲಗೈಯ ಎರಡು ಬೆರಳು ಕಳೆದುಕೊಂಡಿದ್ದ. ನಿಮಗೆ ಐದು ನಿಮಿಷದ ಸ್ಪರ್ಧೆ. ಮಂಡಿಗಳು ಎಪ್ಪತ್ತು ವರ್ಷ ಬಾಳಬೇಕು.

ಕೊನೆಯದಾಗಿ ಸಮಯದ ಲೆಕ್ಕ. ನಿಮ್ಮ ಪ್ರಸಂಗ ನಾಲ್ಕು ನಿಮಿಷ ಐವತ್ತೆಂಟು ಸೆಕೆಂಡಿಗೆ ಮುಗಿದಿದೆ, ಎರಡು ಸೆಕೆಂಡು ಉಳಿಸಿದ್ದೀರಿ. ಸಭೆ ನಗದೇ ಇದ್ದದ್ದರಿಂದ ಅದು ಸಾಧ್ಯವಾಯಿತು. ನಗು ಬಂದಾಗ ನಾಯಕ ಹಾಗೆಯೇ ನಿಂತು, ಯೋಚನೆಯಲ್ಲೇ ಇದ್ದು, ಅದು ಇಳಿಮುಖವಾದ ಮೇಲೆ ಮುಂದಿನ ಹೆಜ್ಜೆ ಇಡಬೇಕು. ಅದಕ್ಕೆ ಜಾಗ ಬೇಕು. ತಾಲೀಮಿನಲ್ಲಿ ನಾಲ್ಕು ನಿಮಿಷ ಹತ್ತು ಸೆಕೆಂಡಿಗೆ ಕಟ್ಟಿ, ಉಳಿದ ಐವತ್ತು ಸೆಕೆಂಡನ್ನು ಖಾಲಿ ಬಿಡಿ.